ಹೆಸರು ಹೇಳಬಾರದ ಎಲೆ

ದಡ್ಡಿ
17 ಜೂನ್ 2024

ಖಂಡೆಪ್ಪನಿಗೆ, ಅಕ್ಕ ಸುಂದ್ರವ್ವ ಬರೆಯುವುದು.

ಇತ್ತ ಎಲ್ಲರೂ ಸುಖವಾಗಿದ್ದೇವೆ ಎಂದು ಬರೆಯುವ ರೂಢಿ ಇದೆ. ಸುಳ್ಳು ಬರೆಯಲು ಒಂದು ಕವರು ದಂಡ ಮಾಡುವುದು ಬೇಡ ಎಂದು ಬಿಟ್ಟಿದ್ದೇನೆ. ಫೋನ್ ಯಾಕೆ ಮಾಡಲಿಲ್ಲ ಎಂದು ಕೇಳಬೇಡ. ಹೋದ ವಾರ ಮಾಡಿದ್ದೆ. ನೀನು ಸ್ಪೀಕರ್ ಹಾಕಿ, ಎದುರಿಗೆ ಕೂತ ಮಂದಿಗೆಲ್ಲ ಕೇಳಿಸುವ ಹಾಗೆ, "ನೋಡ್ರಿ, ನಮ್ಮ ಅಕ್ಕಾರು ದಡ್ಡಿಯಿಂದ ಔಷಧ ಕೇಳಾಕ ಫೋನ್ ಹಚ್ಚ್ಯಾರ" ಅಂದೆ. ನಿನ್ನನ್ನು ಬೈಯಲು ಮಾಡಿದ ಫೋನ್ ಅದು. ಅದನ್ನೂ ಪ್ರಚಾರಕ್ಕೆ ಬಳಸಿಕೊಂಡೆ. ಕಾಗದಕ್ಕೆ ಸ್ಪೀಕರ್ ಇಲ್ಲ, ಅದಕ್ಕೇ ಬರೆಯುತ್ತಿದ್ದೇನೆ. ಅಂಗನವಾಡಿಯಲ್ಲಿ ಇಷ್ಟು ವರ್ಷ ಮೂಗು ಸೋರುವ ಮಕ್ಕಳ ಕೈ ಹಿಡಿದು ಅಕ್ಷರ ತಿದ್ದಿಸಿದ್ದೇನೆ, ನೀನೂ ತಿದ್ದಿಕೊಳ್ಳಬಹುದೇನೋ ಎಂಬ ಆಸೆ.

ನಿನ್ನ ವಿಡಿಯೋವನ್ನು ಸೊಸೆ ಭಾಗ್ಯಾ ತೋರಿಸಿದಳು. ಹಿಂದೆ ಬೋರ್ಡು, ಅದರ ಮೇಲೆ "ವನಸ್ಪತಿ ರತ್ನ ಖಂಡೆಪ್ಪ ಅಜ್ಜನವರು". ಅಜ್ಜ ಯಾವಾಗ ಆದೆಯಪ್ಪ? ನಿನ್ನನ್ನು ಸೊಂಟದ ಮೇಲೆ ಹೊತ್ತು ತಿರುಗಿದ ನಾನೇ ಇನ್ನೂ ಅಜ್ಜಿ ಆಗಿಲ್ಲ. ಅಪ್ಪ ತೀರಿಕೊಂಡ ಮರುವರ್ಷವೇ ಕುರಿ ಮಾರಿ ಮೋಟರ್ ಸೈಕಲ್ ತಂದವನು, ಈಗ ಕ್ಯಾಮರಾದ ಮುಂದೆ ಹೆಗಲಿಗೆ ಕಂಬಳಿ ಹಾಕಿಕೊಂಡು ಕೂಡುತ್ತೀಯ. ಕಂಬಳಿಗೆ ಅಂಗಡಿಯ ಚೀಟಿ ಹಾಗೇ ನೇತಾಡುತ್ತಿದೆ, ಮೊದಲು ಅದನ್ನು ಕಿತ್ತು ಹಾಕು. ಮುಖವೂ ದುಂಡಗೆ ಊದಿದೆ. ಭಕ್ತರು ತರುವ ಪೇಢೆ ಚೆನ್ನಾಗಿ ಮೈಗೆ ಹತ್ತಿದೆ ಎಂದು ಕಾಣುತ್ತದೆ.

ಈಗ ವಿಷಯ. ನನ್ನ ಗಂಡ ಎನಿಸಿಕೊಂಡ ನಿನ್ನ ಮಾವ ಪ್ರತಿ ರವಿವಾರ ನನ್ನ ಕಣ್ಣು ತಪ್ಪಿಸಿ ಕಲ್ಲೋಳಿಯ ಬಸ್ಸು ಹತ್ತುತ್ತಿದ್ದಾರೆ. ಗೋಕಾಕ ಫಾಲ್ಸಿನ ಗಿರಣಿಯಲ್ಲಿ ನಿಂತು ನಿಂತು ಮೊಣಕಾಲು ಸವೆದ ಮನುಷ್ಯ, ಯಾರು ಏನು ಕೊಟ್ಟರೂ ಕುಡಿಯುತ್ತಾರೆ. ನೀನು ಒಂದು ಬಟ್ಟಲು ಹಸಿರು ರಸ ಕೊಡುತ್ತೀಯಂತೆ. ಏನದು ಎಂದು ಕೇಳಿದರೆ, "ಅದರ ಹೆಸರು ಕೇಳಬ್ಯಾಡ, ಹೆಸರು ಹೇಳಿದ್ರ ಗುಣ ಹೋಗ್ತೈತಿ" ಎಂದು ನನಗೇ ಪಾಠ ಹೇಳುತ್ತಾರೆ.

ಅಪ್ಪ ಜನರಿಗೆ ಕುಡಿಯಲು ಕೊಡುತ್ತಿದ್ದದ್ದು ಅಮೃತಬಳ್ಳಿ ಒಂದೇ, ಅದೂ ಜ್ವರಕ್ಕೆ. ಅದರ ಹೆಸರನ್ನು ದಾರಿಯಲ್ಲಿ ಹೋಗುವವರು ಕೇಳಿದರೂ ಹೇಳುತ್ತಿದ್ದ. ಅವನು ಹೆಸರು ಹೇಳದೆ ಇದ್ದದ್ದು ಕುರಿಗೆ ಹಚ್ಚುವ ಎಲೆಗೆ ಮಾತ್ರ. ಅದನ್ನು ತಂದು ಮನುಷ್ಯರಿಗೆ ಕುಡಿಸುವಷ್ಟು ಮೂರ್ಖ ನೀನು ಎಂದು ನಾನು ನಂಬುವುದಿಲ್ಲ. ನಿನ್ನ ಬಗ್ಗೆ ನನಗಿರುವ ಅಭಿಪ್ರಾಯ ಕೂಡ ಅಷ್ಟು ಕೆಳಗಿಲ್ಲ. ಹಾಗಾದರೆ ಬಟ್ಟಲಿನಲ್ಲಿ ಇರುವುದು ಏನು? ಬರೆದು ತಿಳಿಸು. ಮಾವ ಬಂದರೆ ಚಹಾ ಕುಡಿಸಿ ವಾಪಸು ಕಳಿಸು.

ನಿನ್ನ ಅಕ್ಕ
ಸುಂದ್ರವ್ವ


ಕಲ್ಲೋಳಿ
1 ಜುಲೈ 2024

ಅಕ್ಕನವರಿಗೆ ಖಂಡೆಪ್ಪನ ನಮಸ್ಕಾರಗಳು. ಹಾಳೆಯ ಮೇಲ್ಗಡೆ "ಆಶೀರ್ವಾದಗಳು" ಎಂದು ಅಚ್ಚಾಗಿದೆ, ಲೆಟರ್‌ಹೆಡ್ಡಿನಲ್ಲಿ ಎಲ್ಲರಿಗೂ ಹಾಗೇ ಬರುತ್ತದೆ. ಅದಕ್ಕೂ ಒಂದು ಕಾಗದ ಬರೆಯಬೇಡ.

ನಿನ್ನ ಪತ್ರ ಓದಿ ನನಗೆ ಸಿಟ್ಟು ಬರಲಿಲ್ಲ, ಕನಿಕರ ಬಂತು. ಅಪ್ಪ ಕೈಹಿಡಿದು ತೋರಿಸಿದ್ದು ನನಗೆ, ನಿನಗಲ್ಲ. ಹೆಣ್ಣುಮಕ್ಕಳ ಕೈ ಇನ್ನೊಂದು ಮನೆಗೆ ಹೋಗುತ್ತದೆ, ಕೈಯ ಜೊತೆ ಗುಣವೂ ಹೋಗುತ್ತದೆ ಎಂದು ಅಪ್ಪನೇ ಹೇಳುತ್ತಿದ್ದ. ಆ ಹೊಟ್ಟೆಕಿಚ್ಚು ನಿನಗೆ ಇನ್ನೂ ಆರಿಲ್ಲ. ನೀನು ಗಂಜಿ ಹಂಚಿದವಳು, ವೈದ್ಯದ ಮಾತು ನಿನಗೆ ಯಾಕೆ?

ಜನ ಎಲ್ಲೆಲ್ಲಿಂದ ಬರುತ್ತಾರೆ, ಒಂದು ರವಿವಾರ ಬಂದು ನೋಡು. ಹುಕ್ಕೇರಿಯಿಂದ, ಮೂಡಲಗಿಯಿಂದ ಗಾಡಿ ಮಾಡಿಕೊಂಡು ಬರುತ್ತಾರೆ. ಕಲಿತ ಮಂದಿ, ನೌಕರಿ ಮಂದಿ. ಅವರಾರೂ ನಿನ್ನ ಹಾಗೆ ಬಟ್ಟಲಿನಲ್ಲಿ ಇಣುಕಿ ಹೆಸರು ಕೇಳುವುದಿಲ್ಲ. ಔಷಧ ಕೊಡುವವನು ಮೊದಲು ತಾನು ಕುಡಿಯಬೇಕು ಎಂಬ ಅಪ್ಪನ ನೇಮವನ್ನು ನಾನು ಒಂದು ದಿನವೂ ಮುರಿದಿಲ್ಲ. ಪ್ರತಿಯೊಬ್ಬರ ಬಟ್ಟಲಿನ ಮೊದಲ ಗುಟುಕು ನನ್ನದು. ವಿಷ ಆಗಿದ್ದರೆ ಮೊದಲು ಸಾಯುವವನು ನಾನೇ ಅಲ್ಲವೇ? ಅಷ್ಟೂ ತಿಳಿಯದೆ ಕಾಗದ ಬರೆಯುತ್ತೀಯ.

ಮಾವ ಕಣ್ಣು ತಪ್ಪಿಸಿ ಬರುತ್ತಾರೆ ಎಂದು ಬರೆದಿದ್ದೀಯ. ಯಾಕೆ ಎಂದು ಅವರನ್ನೇ ಕೇಳಿದೆ. "ಇಲ್ಲಿ ಒಂದ್ ತಾಸು ಯಾರೂ ಬೈಯೂದುಲ್ಲೋ ಖಂಡೆಪ್ಪ, ಹಾಯಾಗಿ ಕುಂಡ್ರತೇನಿ" ಅಂದರು. ಬರೆಯಬಾರದು ಎಂದಿದ್ದೆ, ನೀನೇ ಬರೆಯಿಸಿದೆ.

ಇಂತಿ
ವನಸ್ಪತಿ ರತ್ನ ಖಂಡೆಪ್ಪ


ದಡ್ಡಿ
9 ಆಗಸ್ಟ್ 2024

ಖಂಡೆಪ್ಪ,

ನಿನ್ನ ಕಾಗದವನ್ನು ಮಡಚಿ ಜೋಳದ ಡಬ್ಬಿಯ ಕೆಳಗೆ ಇಟ್ಟೆ, ಡಬ್ಬಿ ಓಲಾಡುತ್ತಿತ್ತು, ಈಗ ನೆಟ್ಟಗೆ ನಿಂತಿದೆ. ನಿನ್ನ ಲೆಟರ್‌ಹೆಡ್ಡು ದಪ್ಪ ಕಾಗದದ್ದು, ಒಳ್ಳೆಯದಾಯಿತು.

ನನ್ನ ಬಾಯಿಗೆ ಹೆದರಿ ಗಂಡ ನಿನ್ನ ಬಳಿ ಓಡಿಬರುತ್ತಾರೆ ಎಂದು ನೀನು ಬರೆದೆ. ಬರಲಿ. ಬಾಯಿ ನನ್ನದು ದೊಡ್ಡದೇ. ಆ ಮಾತು ಓದಿದ ದಿನ ನಾನು ಒಲೆಯ ಮುಂದೆ ಕೂತು ಅತ್ತೆ, ನಿನಗೆ ಖುಷಿ ಆಗಲಿ ಎಂದು ಬರೆಯುತ್ತಿದ್ದೇನೆ. ಆದರೆ ಬೈಸಿಕೊಂಡ ಗಂಡ ಇಷ್ಟು ವರ್ಷ ಎರಡು ರೊಟ್ಟಿ ಉಣ್ಣುತ್ತಿದ್ದರು. ನಿನ್ನ ಹತ್ತಿರ ಹಾಯಾಗಿ ಕೂತ ಮೇಲೆ ಅರ್ಧ ರೊಟ್ಟಿ ತಿಂದರೂ ವಾಂತಿ. ಮುಖ ಬೂದಿಯ ಬಣ್ಣಕ್ಕೆ ತಿರುಗಿದೆ. ಬೆಳಿಗ್ಗೆ ಎದ್ದರೆ ಕಣ್ಣಿನ ಕೆಳಗೆ ಚೀಲ. ಪಾದ ಊದಿದೆ, ಬೆರಳಿನಿಂದ ಒತ್ತಿದರೆ ಕುಳಿ ಬಿದ್ದು ಹಾಗೇ ಉಳಿಯುತ್ತದೆ.

ಇನ್ನೊಂದು ಮಾತು. ರವಿವಾರ ಬಿಚ್ಚಿಟ್ಟ ಅಂಗಿಯಲ್ಲಿ ಒಂದು ವಾಸನೆ ಬರುತ್ತದೆ. ಒಗೆಯುವಾಗ ಮೂಗಿಗೆ ಹೊಡೆಯಿತು. ಎಲ್ಲಿಯೋ ಮೂಸಿದ ವಾಸನೆ, ಬಹಳ ಹಳೆಯದು, ಎಷ್ಟು ಯೋಚಿಸಿದರೂ ಎಲ್ಲಿ ಎಂದು ನೆನಪಾಗುತ್ತಿಲ್ಲ.

ಬಟ್ಟಲಿನಲ್ಲಿ ಏನಿದೆ, ನನಗೆ ಒಬ್ಬಳಿಗೆ ಹೇಳು. ನಾನು ಯಾರಿಗೂ ಹೇಳುವುದಿಲ್ಲ. ಗೋಕಾಕದ ಡಾಕ್ಟರಿಗೆ ತೋರಿಸಬೇಕು ಎಂದಿದ್ದೇನೆ, ಅವರು ಕೇಳಿದರೆ ಉತ್ತರ ಬೇಕು. ಮೂಡಲಗಿಯಲ್ಲಿ ನಿನಗೆ ಸನ್ಮಾನ ಮಾಡುತ್ತಾರಂತೆ, ಶಾಲು ಹೊದಿಸುತ್ತಾರಂತೆ. ಹೊದ್ದುಕೋ. ಆ ಹೊತ್ತಿನಲ್ಲಿ ಎರಡು ಅಕ್ಷರ ಬರೆಯಲು ಕೈಗೆ ಪುರುಸೊತ್ತು ಸಿಕ್ಕರೆ ಬರೆ.

ಸುಂದ್ರವ್ವ


ಕಲ್ಲೋಳಿ
20 ಆಗಸ್ಟ್ 2024

ಅಕ್ಕಾ,

ಹೆಸರು ಹೇಳುವುದಿಲ್ಲ. ನಿನ್ನ ಅಳುವಿಗೆ ಕರಗಿ ಅಪ್ಪನ ನೇಮ ಮುರಿಯುವವನು ನಾನಲ್ಲ.

ವಾಂತಿ ಆಗುವುದು ಒಳ್ಳೆಯದು. "ಒಳಗಿನ ನಂಜು ಹೊರಗ ಬರಾಕತ್ತೈತಿ" ಎಂದು ನಾನು ಎಲ್ಲರಿಗೂ ಹೇಳುತ್ತೇನೆ. ನನಗೇ ಈಗ ಎರಡು ತಿಂಗಳಿಂದ ಊಟ ಸೇರುತ್ತಿಲ್ಲ, ಒಂದು ಲೋಟ ಮಜ್ಜಿಗೆಯಲ್ಲಿ ದಿನ ಕಳೆಯುತ್ತೇನೆ. ಬಂದವರು ಅದನ್ನು ತಪಸ್ಸು ಎನ್ನುತ್ತಾರೆ. ನೀನಾದರೆ ರೋಗ ಎನ್ನುತ್ತಿದ್ದೆ. ನೋಡುವ ಕಣ್ಣಿನಲ್ಲಿ ಇದೆ ಎಲ್ಲ.

ಮಾವನನ್ನು ಡಾಕ್ಟರ ಕೈಗೆ ಕೊಟ್ಟರೆ ಮುಂದಿನ ಜವಾಬ್ದಾರಿ ನನ್ನದಲ್ಲ. ಇನ್ನು ಮುಂದೆ ಇಂಥ ಕಾಗದ ಬರೆದರೆ ನಾನು ಒಡೆಯುವುದಿಲ್ಲ.

ಖಂಡೆಪ್ಪ


ಗೋಕಾಕ
4 ಅಕ್ಟೋಬರ್ 2024

ಖಂಡೆಪ್ಪ,

ಆಸ್ಪತ್ರೆಯ ಬೆಂಚಿನ ಮೇಲೆ ಕೂತು ಬರೆಯುತ್ತಿದ್ದೇನೆ. ನಿನ್ನ ಮಾವನ ಎರಡೂ ಕಿಡ್ನಿ ಕೆಲಸ ಬಿಟ್ಟಿವೆ. ಮಷಿನ್ನಿಗೆ ಹಚ್ಚಿ ರಕ್ತ ತೊಳೆಯುತ್ತಾರೆ. ಡಾಕ್ಟರ್ ವಿಜಯಲಕ್ಷ್ಮಿ ಎನ್ನುವವರು ನೋಡುತ್ತಿದ್ದಾರೆ. ಅವರು ಮೊದಲ ದಿನವೇ, "ಎಲಿ, ಬೇರು, ಕಷಾಯ ಏನಾರ ಕುಡದೀರೇನ್ರಿ ಕಾಕಾ?" ಎಂದು ಕೇಳಿದರು. ನಿನ್ನ ಮಾವ ಗೋಡೆಯ ಕಡೆ ಮುಖ ಮಾಡಿ ಮಲಗಿದರು. ನಿನ್ನ ಮರ್ಯಾದೆ ಕಾಯುತ್ತಾ ಸಾಯಲು ತಯಾರಾಗಿದ್ದಾರೆ. ಇಂಥ ಭಕ್ತ ಇನ್ನೊಬ್ಬ ಸಿಗುವುದಿಲ್ಲ ನಿನಗೆ.

ಭಾಗ್ಯಾಳನ್ನು ಅವರ ಹತ್ತಿರ ಕೂಡಿಸಿ ನಾನು ಕಲ್ಲೋಳಿಗೆ ಬಂದೆ. ನೀನು ಮೂಡಲಗಿಗೆ ಶಾಲು ಹೊದೆಯಲು ಹೋಗಿದ್ದೆ. ಯಮನವ್ವ ಪಾಪ ಚಹಾ ಮಾಡಿ ಕೊಟ್ಟಳು. ನಿನ್ನಂಥವನ ಜೊತೆ ಸಂಸಾರ ಮಾಡಿಯೂ ಆ ಹುಡುಗಿಗೆ ಇನ್ನೂ ನಗು ಬರುತ್ತದೆ. ದೇವರ ಕೋಣೆಯಲ್ಲಿ ಅರಿಶಿನ ಬಳಿದು ಹೂ ಏರಿಸಿದ ಅರೆಯುವ ಕಲ್ಲು ತೋರಿಸಿ, "ಇದ ನೋಡ್ರಿ ನಿಮ್ಮಪ್ಪಾರ ಕಲ್ಲು, ಇದರ ಮ್ಯಾಲ ಔಷಧ ಅರಿತಾರ" ಅಂದಳು. ಹತ್ತಿರ ಹೋಗಿ ನೋಡಿದೆ. ಟಗರು ಗುದ್ದಿ ಅಂಚು ಮುರಿದ ಕಲ್ಲು. ಬಗ್ಗಿದ ಕೂಡಲೇ ಆ ವಾಸನೆ ಬಂತು, ಅಂಗಿಯ ವಾಸನೆ. ಎಲ್ಲಿ ಮೂಸಿದ್ದೆ ಎಂದು ಆಗ ಗೊತ್ತಾಯಿತು. ನಾನು ಚಹಾ ಕುಡಿಯದೆ ಎದ್ದು ಬಂದೆ.

ಖಂಡೆಪ್ಪ, ಅದು ಕುರಿದೊಡ್ಡಿಯ ಕಲ್ಲು. ನಮ್ಮ ಮನೆಯಲ್ಲಿ ಎರಡು ಕಲ್ಲು ಇದ್ದದ್ದು ಮರೆತೆಯಾ? ಒಳಗಿನ ಕಲ್ಲಿನ ಮೇಲೆ ಮನುಷ್ಯರದು, ಹೊರಗಿನ ಕಲ್ಲಿನ ಮೇಲೆ ಕುರಿಯದು. ಹೊರಗಿನದು ಹೊಸ್ತಿಲು ದಾಟಿದರೆ ಅವ್ವ ಇಡೀ ಮನೆ ಸಾರಿಸುತ್ತಿದ್ದಳು. ಅಪ್ಪ ಬಾಯಿಂದ ಏನೂ ಕಲಿಸಲಿಲ್ಲ. ಈ ಕಲ್ಲಿಗೆ ಈ ಎಲೆ ಎಂದು ಕೈಯಿಂದ ತೋರಿಸಿದ, ಅಷ್ಟೆ. ನೀನು ಕುರಿ ಮಾರಿದೆ, ಖಾಲಿ ದೊಡ್ಡಿಯ ಕಲ್ಲನ್ನು ಅಪ್ಪನ ಗುರುತು ಎಂದು ಒಳಗೆ ತಂದು ಪೂಜೆಗೆ ಇಟ್ಟೆ. ಕಲ್ಲಿನ ಹಿಂದೆ ಎಲೆಯೂ ಒಳಗೆ ಬಂತು. ಹೆಸರು ಹೇಳಬಾರದು ಎಂದ ಮೇಲೆ ಇದೇ ದೊಡ್ಡ ಔಷಧ ಇರಬೇಕು ಎಂದು ನಿನ್ನ ಬುದ್ಧಿಗೆ ಹೊಳೆಯಿತು. ಮಕ್ಕಳು ಹುಡುಕಿ ಕಿತ್ತು ಬಾಯಿಗೆ ಹಾಕಿಕೊಳ್ಳಬಾರದು ಎಂದೇ ಅಪ್ಪ ಹೆಸರು ಮುಚ್ಚಿಟ್ಟಿರಬೇಕು ಎಂದು ನನಗೆ ಅನ್ನಿಸುತ್ತದೆ. ಮಕ್ಕಳೆಲ್ಲ ಉಳಿದವು. ನೀನು ಮಾತ್ರ ದೊಡ್ಡವನಾಗಿ ಬಾಯಿಗೆ ಹಾಕಿಕೊಂಡೆ.

ಕರಿ ಹೊಲದ ಬದುವಿನಲ್ಲಿ ನೆಲಕ್ಕೆ ಅಂಟಿ ಹರಡುತ್ತದಲ್ಲ, ಬೂದುಹಸಿರು ಎಲೆಯ ಬಳ್ಳಿ, ಅದೇ ತಾನೆ? ಈಗ ಹೂ ಬಿಟ್ಟಿರುತ್ತದೆ. ಕಪ್ಪು ನೇರಳೆ ಬಣ್ಣದ ಸಣ್ಣ ಕೊಳವೆ, ಬಾಯಲ್ಲಿ ನಾಲಿಗೆ ಚಾಚಿದ ಹಾಗೆ ಒಂದು ಎಸಳು. ನಾರುವ ವಾಸನೆಗೆ ನೊಣ ಒಳಗೆ ಹೋಗುತ್ತದೆ, ಒಳಗಿನ ಕೂದಲು ಅದನ್ನು ಹೊರಗೆ ಬಿಡುವುದಿಲ್ಲ, ಹೂ ಬಾಡಿದ ಮೇಲೆಯೇ ಅದಕ್ಕೆ ಬಿಡುಗಡೆ. ಸಣ್ಣವಳಿದ್ದಾಗ ಹೂ ಸೀಳಿ ನೊಣ ಬಿಡಿಸುವುದು ನನ್ನ ಆಟ. ಕುರಿಯ ಗಾಯಕ್ಕೆ ಹುಳ ಬಿದ್ದರೆ ಅಪ್ಪ ಎಲೆ ಅರೆದು ರಸ ಹಿಂಡುತ್ತಿದ್ದ, ಒದೆಯುವ ಕುರಿಯ ಕಾಲು ಹಿಡಿಯುತ್ತಿದ್ದವಳು ನಾನು. ಹುಳ ಒಂದೊಂದಾಗಿ ಉದುರುತ್ತಿದ್ದವು. ನಾಯಿಯ ಕಜ್ಜಿಗೂ ಹಚ್ಚುತ್ತಿದ್ದ. ನಿನಗೆ ಹೊಟ್ಟೆ ಕಟ್ಟಿದಾಗ ಔಡಲೆಣ್ಣೆ ಸವರಿದ ಎಲೆಯನ್ನು ಹೊಕ್ಕುಳ ಮೇಲೆ ಇಟ್ಟದ್ದೂ ಉಂಟು. ಎಲ್ಲವೂ ಚರ್ಮದ ಮೇಲೆ. ಒಳಗೆ ಒಂದು ಹನಿ ಹೋಗಬಾರದು. ಹಿಂಡಿ ಮುಗಿದ ಮೇಲೆ ಬೂದಿ ಹಚ್ಚಿ ಕೈ ತಿಕ್ಕಿ ತೊಳೆಯದೆ ಅಪ್ಪ ರೊಟ್ಟಿ ಮುಟ್ಟುತ್ತಿರಲಿಲ್ಲ. ಅವನು ತೊಳೆದು ಚೆಲ್ಲಿದ್ದನ್ನು ನೀನು ಬಟ್ಟಲಿಗೆ ಹಾಕಿ ಹಂಚುತ್ತಿದ್ದೀಯ.

ಡಾಕ್ಟರಿಗೆ ಬದುವಿನಿಂದ ಒಂದು ಬಳ್ಳಿ ಕಿತ್ತು ತಂದು ತೋರಿಸಿದೆ. ನೋಡಿದ ಕೂಡಲೇ ಗುರುತು ಹಿಡಿದರು. ಇದು ಹೊಟ್ಟೆಗೆ ಹೋದರೆ ಕಿಡ್ನಿಯನ್ನೇ ತಿನ್ನುತ್ತದೆ, ಕುಡಿದವರೆಲ್ಲರ ರಕ್ತ ನೋಡಬೇಕು, ಮೇಲಿನವರಿಗೆ ತಿಳಿಸುತ್ತೇನೆ ಎಂದರು. ನಾನು, "ಸ್ವಲ್ಪ ತಡೀರಿ ಡಾಕ್ಟರ್, ಅಂವ ನನ್ನ ತಮ್ಮ, ನಾನ ನಿಲ್ಲಸ್ತೇನಿ" ಅಂದೆ. ಯಾವ ಧೈರ್ಯದ ಮೇಲೆ ಅಂದೆನೋ ಗೊತ್ತಿಲ್ಲ.

ಹೆಸರು ಇಲ್ಲಿ ಬರೆದಿಲ್ಲ, ನೋಡು. ಇಷ್ಟೆಲ್ಲ ಆದ ಮೇಲೂ ಅಪ್ಪನ ಮಾತು ಮುರಿಯಲು ಕೈ ಬರುತ್ತಿಲ್ಲ. ಬಟ್ಟಲು ನಿಲ್ಲಿಸು. ಕಲ್ಲನ್ನು ಹೊರಗೆ ಹಾಕು. ಬೈದದ್ದೆಲ್ಲ ಬಿಡು, ಅದೊಂದು ಮಾಡು.

ಅಕ್ಕ


(ಪೋಸ್ಟ್ ಕಾರ್ಡು)

ಗೋಕಾಕ
19 ಅಕ್ಟೋಬರ್ 2024

ಖಂಡೆಪ್ಪ,

ನನ್ನ ಕವರನ್ನು ನೀನು ಒಡೆಯದೆ ವಾಪಸು ಕಳಿಸಿದೆ. ಕಾರ್ಡಿಗೆ ಒಡೆಯುವುದು ಏನೂ ಇಲ್ಲ. ನೀನು ಓದದಿದ್ದರೆ ಪೋಸ್ಟಿನ ಸಿದ್ರಾಯ ಓದುತ್ತಾನೆ, ಚಹದಂಗಡಿಯಲ್ಲಿ ಎಲ್ಲರಿಗೂ ಓದಿ ಹೇಳುತ್ತಾನೆ. ಸಿದ್ರಾಯ, ದೊಡ್ಡ ದನಿಯಲ್ಲಿ ಓದಪ್ಪ.

ಆ ಎಲೆಯ ಹೆಸರು ಕೀಡಾಮಾರಿ. ಆಡು ಮುಟ್ಟದ ಗಿಡ ಎಂದೂ ಅನ್ನುತ್ತಾರೆ. ದಡ್ಡಿಯ ಹೆಂಗಸರು ಕಳೆ ಎಂದು ಕಿತ್ತು ಒಗೆಯುತ್ತಾರೆ. ಕುರಿಯ ಗಾಯದ ಹುಳ ಕೊಲ್ಲಲು ಮೇಲೆ ಹಿಂಡುವ ಎಲೆ. ಕುಡಿದರೆ ಕಿಡ್ನಿ ಹೋಗುತ್ತದೆ. ನನ್ನ ಗಂಡ ಸೋಮಲಿಂಗನದು ಹೋಗಿದೆ. ಖಂಡೆಪ್ಪನ ಬಟ್ಟಲಿನಲ್ಲಿ ಇರುವುದು ಇದೇ. ಕುಡಿದವರು ತಡಮಾಡದೆ ದವಾಖಾನೆಗೆ ಹೋಗಿ ರಕ್ತ ತೋರಿಸಿರಿ.

ಅಪ್ಪಾ, ಹೆಸರು ಹೇಳಿದ್ದೇನೆ. ಗುಣ ಹೋಗುವುದಾದರೆ ಹೋಗಲಿ.

ಸುಂದ್ರವ್ವ


ಕಲ್ಲೋಳಿ
2 ನವೆಂಬರ್ 2024

ಅಕ್ಕಾ,

ಬಿಳಿ ಹಾಳೆಯ ಮೇಲೆ ಬರೆಯುತ್ತಿದ್ದೇನೆ. ಲೆಟರ್‌ಹೆಡ್ಡನ್ನು ಯಮನವ್ವ ಒಲೆಗೆ ಹಾಕಿದಳು.

ನೀನು ಗೆದ್ದೆ. ಸಿದ್ರಾಯ ಕಾರ್ಡನ್ನು ನನ್ನ ಕೈಗೆ ಕೊಡುವ ಮೊದಲೇ ಊರಿಗೆ ಊರೇ ಕೇಳಿತ್ತು. ಮರುದಿನ ರವಿವಾರ ಔಷಧಕ್ಕೆ ಒಬ್ಬರೂ ಬರಲಿಲ್ಲ, ಬಾಗಿಲ ಮುಂದೆ ನಿಂತು ಬೈಯಲು ಬಂದರು. ಕುರಿ ಕಾಯುವವನೊಬ್ಬ ದಾರಿಯಲ್ಲಿ ನಿಲ್ಲಿಸಿ, "ಅಲೋ ಖಂಡ್ಯಾ, ಕುರಿ ಹುಳದ ಎಲಿ ಮಂದೀಗಿ ಕುಡಿಸಿದೇನೋ? ನಿಮ್ಮಪ್ಪ ಇದ್ದಿದ್ರ ನಿನ್ನ ದೊಡ್ಡ್ಯಾಗ ಕಟ್ಟತಿದ್ದ" ಎಂದು ನಕ್ಕ. ಅಜ್ಜ ಎಂದು ಕಾಲು ಮುಟ್ಟುತ್ತಿದ್ದವರು ಈಗ ಖಂಡ್ಯಾ ಅನ್ನುತ್ತಾರೆ. ಒಂದು ಕಾರ್ಡಿನಲ್ಲಿ ಅಪ್ಪನ ಗುಟ್ಟನ್ನೂ ನನ್ನ ಹೆಸರನ್ನೂ ತೆಗೆದೆ. ಇಷ್ಟು ಚೆನ್ನಾಗಿ ಅಪ್ಪನೂ ಯಾವ ಹುಳವನ್ನೂ ಉದುರಿಸಲಿಲ್ಲ.

ಎರಡು ಕಲ್ಲು ಇದ್ದದ್ದು ನನಗೆ ನೆನಪಿರಲಿಲ್ಲ, ಅಕ್ಕಾ. ಯಮನವ್ವ ಹೇಳಿದಳು, ನೀನು ಬಂದು ಅಂಚು ಮುಟ್ಟಿ ನೋಡಿ ಹಾಗೇ ಎದ್ದು ಹೋದೆ ಎಂದು. ಆಮೇಲೆ ಕಲ್ಲಿನ ಮುಂದೆ ಕೂತು ಯೋಚಿಸಿದೆ. ಒಳಗೊಂದು ಹೊರಗೊಂದು ಕಲ್ಲು ಇದ್ದದ್ದು, ಅಪ್ಪ ಬೂದಿಯಿಂದ ಕೈ ತೊಳೆಯುತ್ತಿದ್ದದ್ದು ನೆನಪಾಯಿತು. ಅದನ್ನು ಪೂಜೆ ಎಂದು ತಿಳಿದಿದ್ದೆ. ಕಲ್ಲನ್ನು ಹೊರಗೆ ಉರುಳಿಸಿದೆ. ಕಸುವು ಇರಲಿಲ್ಲ ಮೈಯಲ್ಲಿ, ಯಮನವ್ವ ಕೈ ಹಚ್ಚಿದಳು.

ಒಂದು ಮಾತು ಕೇಳಬೇಕು. ಮನೆಯಲ್ಲಿ ಹೇಳಿಲ್ಲ. ಮಾವನ ಪಾದ ಒತ್ತಿದರೆ ಕುಳಿ ಬಿದ್ದು ಹಾಗೇ ಉಳಿಯುತ್ತದೆ ಎಂದು ನೀನು ಆಗಸ್ಟಿನಲ್ಲಿ ಬರೆದಿದ್ದೆ. ಅದು ಎಷ್ಟು ಹೊತ್ತು ಉಳಿಯುತ್ತಿತ್ತು?

ಖಂಡೆಪ್ಪ


ಗೋಕಾಕ
6 ನವೆಂಬರ್ 2024

ಖಂಡ್ಯಾ,

ಫೋನ್ ಹಚ್ಚಿದೆ, ಸ್ವಿಚ್ ಆಫ್. ಬೇಕಾದಾಗ ಸ್ಪೀಕರ್ ಹಾಕುತ್ತೀಯ, ಬೇಡದಾಗ ಫೋನೇ ಆರಿಸುತ್ತೀಯ. ಅದಕ್ಕೆ ಈ ಚೀಟಿ ಭಾಗ್ಯಾಳ ಕೈಯಲ್ಲಿ ಕಳಿಸಿದ್ದೇನೆ. ಬಾಗಿಲಲ್ಲಿ ಗಾಡಿ ನಿಲ್ಲಿಸಿಕೊಂಡು ನಿಂತಿದ್ದಾಳೆ. ಓದಿ ಮುಗಿಸಿದ ಕೂಡಲೇ ಹತ್ತು. ಶಾಲು, ಕಂಬಳಿ ಏನೂ ತರಬೇಡ, ಇಲ್ಲಿ ನಿನ್ನನ್ನು ನೋಡಲು ಯಾರೂ ಕಾಯುತ್ತಿಲ್ಲ.

ನಿನ್ನ ಪತ್ರವನ್ನು ಮಾವನಿಗೆ ಓದಿ ಹೇಳಿದೆ. ಮಷಿನ್ನಿನ ಮುಂದೆ ಮಲಗಿದ್ದವರು ತಲೆ ಎತ್ತಿ ಡಾಕ್ಟರನ್ನು ಕರೆದು, "ನಂದ ಬಿಡ್ರಿ ಅವ್ವಾರ, ಮದಲ ನನ್ನ ಅಳಿಯಾ ಖಂಡೆಪ್ಪನ ನೋಡ್ರಿ. ನಾ ನಂದೊಂದ ಬಟ್ಟಲ ಕುಡದೇನಿ, ಅಂವ ಎಲ್ಲಾರ ಬಟ್ಟಲಾಗಿಂದೂ ಕುಡದಾನ" ಅಂದರು. ಅಷ್ಟು ದಿನ ಮುಚ್ಚಿದ್ದ ಬಾಯಿ ನಿನಗಾಗಿ ತೆರೆಯಿತು. ನನಗಾಗಿ ತೆರೆಯಲಿಲ್ಲ, ಅದನ್ನು ಆಮೇಲೆ ಇಬ್ಬರನ್ನೂ ಕೂಡಿಸಿ ಕೇಳುತ್ತೇನೆ.

ಮೊದಲ ಗುಟುಕು ನನ್ನದು ಎಂದು ನೀನು ಜುಲೈಯಲ್ಲಿ ಬರೆದಿದ್ದೆ. ಓದಿದೆ, ಜಂಬ ಎಂದು ನಕ್ಕು ಮಡಚಿ ಡಬ್ಬಿಯ ಕೆಳಗೆ ಇಟ್ಟೆ. ಜೂನಿನಲ್ಲಿ ನಿನ್ನ ಊದಿದ ಮುಖ ನೋಡಿ ಪೇಢೆ ಎಂದು ಬರೆದೆ. ಎಷ್ಟು ಜೋರಾಗಿ ನಕ್ಕಿದ್ದೆ ಎಂದು ಭಾಗ್ಯಾಳನ್ನು ಕೇಳು. ಅದು ಪೇಢೆ ಆಗಿದ್ದರೆ ಎಷ್ಟು ಚೆನ್ನಾಗಿತ್ತು ಖಂಡ್ಯಾ.

ಕುಳಿ ಎಷ್ಟು ಹೊತ್ತು ಉಳಿಯುತ್ತಿತ್ತು ಎಂದು ಕೇಳಿದ್ದೀಯ. ಇಲ್ಲಿ ಬಾ, ನಿನ್ನ ಪಾದ ನಾನೇ ಒತ್ತಿ ನೋಡಿ ಹೇಳುತ್ತೇನೆ. ಬರುವುದಿಲ್ಲ, ನಾಚಿಕೆ ಎಂದು ಮೂಲೆ ಹಿಡಿದು ಕೂತರೆ ನಾನೇ ಬರುತ್ತೇನೆ. ಅಪ್ಪ ಹಿಂಡುವಾಗ ಒದೆಯುವ ಕುರಿಯ ಕಾಲು ಹಿಡಿದವಳು ನಾನು. ನಿನ್ನ ಕಾಲಿನಲ್ಲಿ ಈಗ ಒದೆಯುವಷ್ಟು ಬಲವೂ ಇಲ್ಲ.

ಅಕ್ಕ